ಭೀಮೆಗೆ ನಾವು ಕಳಿಸುವ ನೀರು

(ಪುಣೆಯಲ್ಲಿ ನಮ್ಮ ಸಂಘದ ರಾಜ್ಯೋತ್ಸವ ಸಮಾರಂಭದಲ್ಲಿ ಮಾಡಿದ ಭಾಷಣ)



ಈ ಶುಭದಿನ ನಾನು ನಾಲ್ಕು ಮಾತು ಆಡಬೇಕೆಂದು ಕಾರ್ಯದರ್ಶಿಗಳು ಮನೆಗೆ ಬಂದು ಕೇಳಿದಾಗ ನನಗೆ ಸಂತೋಷವೂ ಆಯಿತು, ಸಂಕೋಚವೂ ಆಯಿತು. ಸಂತೋಷವೇಕೆಂದರೆ, ಐವತ್ತು ವರುಷ ಈ ಸಭಾಗೃಹದ ಹಿಂದಿನ ಸಾಲಿನಲ್ಲಿ ಕುಳಿತು ಕೇಳಿದವನಿಗೆ ಒಂದು ಸಲ ಮುಂದೆ ನಿಲ್ಲುವ ಭಾಗ್ಯ ಬಂದಿತು. ಸಂಕೋಚವೇಕೆಂದರೆ, ನಾನು ಸಾಹಿತಿಯಲ್ಲ, ಪಂಡಿತನೂ ಅಲ್ಲ. ಮೂವತ್ತೈದು ವರುಷ ಶಾಲೆಯಲ್ಲಿ ಹುಡುಗರಿಗೆ ರಸಾಯನಶಾಸ್ತ್ರ ಕಲಿಸಿದ ಮಾಸ್ತರ. ಕನ್ನಡದ ಹಿರಿಮೆಯನ್ನು ಕುರಿತು ಮಾತನಾಡಲು ಇಲ್ಲಿ ನನಗಿಂತ ಬಲ್ಲವರು ಅನೇಕರಿದ್ದಾರೆ. ಆದ್ದರಿಂದ, "ನಾನು ನೀರಿನ ವಿಷಯ ಮಾತನಾಡಲೆ?" ಎಂದು ಕೇಳಿದೆ. ಕಾರ್ಯದರ್ಶಿಗಳು ಕ್ಷಣಕಾಲ ಸುಮ್ಮನಿದ್ದು, "ರಾಜ್ಯೋತ್ಸವಕ್ಕೂ ನೀರಿಗೂ ಏನು ಸಂಬಂಧ ಸರ್?" ಎಂದರು. ಆ ಸಂಬಂಧವನ್ನು ತೋರಿಸುವದೇ ಇಂದಿನ ನನ್ನ ಕೆಲಸ.

ನಾವೆಲ್ಲ ದಿನಾಲು ದಾಟುವ ಈ ಮುಠಾ ನದಿ ಎಲ್ಲಿಗೆ ಹೋಗುತ್ತದೆ ಎಂದು ನಮ್ಮಲ್ಲಿ ಎಷ್ಟು ಜನ ವಿಚಾರಿಸಿದ್ದೇವೆ? ಸಹ್ಯಾದ್ರಿಯಲ್ಲಿ ಹುಟ್ಟಿ, ಖಡಕವಾಸಲೆಯನ್ನು ದಾಟಿ ಊರೊಳಗೆ ಬರುವ ಮುಠಾ, ಸಂಗಮದಲ್ಲಿ ಮುಳಾ ನದಿಯನ್ನು ಕೂಡಿಕೊಳ್ಳುತ್ತದೆ. ಪಿಂಪರಿ-ಚಿಂಚವಡದ ಕಡೆಯಿಂದ ಬರುವ ಪವನಾ ಅದಕ್ಕೂ ಮೊದಲೇ ಮುಳೆಯಲ್ಲಿ ಸೇರಿರುತ್ತದೆ. ಮುಂದೆ ಮುಳಾ-ಮುಠಾ ಎಂಬ ಜೋಡುಹೆಸರು ಹೊತ್ತು ಪೂರ್ವಕ್ಕೆ ಹರಿದು ದೌಂಡ ತಾಲೂಕಿನಲ್ಲಿ ಭೀಮಾ ನದಿಯನ್ನು ಸೇರುತ್ತದೆ. ಭೀಮಾಶಂಕರದಲ್ಲಿ ಹುಟ್ಟಿದ ಆ ಭೀಮೆ ಉಜನಿಯ ಅಣೆಕಟ್ಟನ್ನು ತುಂಬಿ, ಪಂಢರಪುರದಲ್ಲಿ ಚಂದ್ರಾಕಾರವಾಗಿ ಬಳುಕಿ ಚಂದ್ರಭಾಗೆ ಎನಿಸಿಕೊಂಡು, ಸೊಲ್ಲಾಪುರದ ಕಡೆಯ ಸೀನಾ ನದಿಯನ್ನೂ ಜೊತೆಗೆ ತೆಗೆದುಕೊಂಡು, ವಿಜಯಪುರ ಮತ್ತು ಕಲಬುರಗಿ ಜಿಲ್ಲೆಗಳ ಗಡಿಗೆ ಬರುತ್ತದೆ. ಗಾಣಗಾಪುರದ ದತ್ತಾತ್ರೇಯನ ಪಾದ ತೊಳೆಯುತ್ತದೆ. ಸನ್ನತಿಯ ಚಂದ್ರಲಾಂಬೆಯ ಗುಡಿಯ ಬದಿಗೆ ಸಾಗುತ್ತದೆ. ಯಾದಗಿರಿಯನ್ನು ದಾಟಿ ರಾಯಚೂರಿನ ಸೀಮೆಯಲ್ಲಿ ಕೃಷ್ಣೆಯಲ್ಲಿ ಲೀನವಾಗುತ್ತದೆ. ಹುಟ್ಟಿನಿಂದ ಸಂಗಮದವರೆಗೆ ಅವಳ ಪ್ರಯಾಣ 861 ಕಿಲೋಮೀಟರು.

ಅಂದ ಬಳಿಕ, ಪುಣೆಯಲ್ಲಿ ನಾವು ಬಚ್ಚಲಿಗೆ ಚೆಲ್ಲಿದ ನೀರು ಹೊರಟು ನಿಲ್ಲುವದು ಎಲ್ಲಿ? ನಮ್ಮ ತವರಿನಲ್ಲಿ. ಇಷ್ಟು ಹೇಳಿದರೆ ರಾಜ್ಯೋತ್ಸವಕ್ಕೂ ನೀರಿಗೂ ಇರುವ ಸಂಬಂಧ ಅರ್ಧ ಹೇಳಿದಂತಾಯಿತು.

ಉಳಿದರ್ಧ ಹೀಗಿದೆ. 1956ನೆಯ ನವೆಂಬರ ಒಂದರವರೆಗೆ ಈ ಭೀಮೆಯೇ ಕನ್ನಡಿಗರನ್ನು ಅಗಲಿಸಿದ ಗೆರೆಯಾಗಿದ್ದಳು. ಒಂದು ದಂಡೆಯ ಇಂಡಿ, ಸಿಂದಗಿ ತಾಲೂಕುಗಳು ಮುಂಬಯಿ ಪ್ರಾಂತದ ವಿಜಾಪುರ ಜಿಲ್ಲೆಯಲ್ಲಿದ್ದವು. ಇನ್ನೊಂದು ದಂಡೆಯ ಅಫಜಲಪುರ ಹೈದರಾಬಾದ ಸಂಸ್ಥಾನದ ಗುಲಬರ್ಗಾ ಜಿಲ್ಲೆಯಲ್ಲಿತ್ತು. ಆಚೆ ದಂಡೆಯಲ್ಲಿ ಸೋದರಮಾವನ ಮನೆ, ಈಚೆ ದಂಡೆಯಲ್ಲಿ ನಮ್ಮ ಮನೆ. ನಡುವೆ ಹೊಳೆ, ಹೊಳೆಯ ಎರಡು ಬದಿಗೆ ಎರಡು ಸರಕಾರ. ಏಕೀಕರಣದ ದಿನ ನಾನು ಆರು ವರುಷದ ಹುಡುಗ. ಹಿರಿಯರು ಹೊಳೆಗೆ ಹೋಗಿ ಕಾಯಿ ಒಡೆದು, ಅರಿಸಿನ-ಕುಂಕುಮ ಏರಿಸಿ ಬಂದದ್ದು ನನಗೆ ಮಸುಕಾಗಿ ನೆನಪಿದೆ. "ಇನ್ನ ಎರಡೂ ದಂಡಿ ನಮ್ಮವ" ಎಂದು ಅಜ್ಜ ಹೇಳಿದ್ದ. ಗಡಿಯಾಗಿದ್ದ ಹೊಳೆ ಅಂದು ನಮ್ಮ ಮನೆಯ ಅಂಗಳವಾಯಿತು.

ಆ ಕಾಲದ ಹೊಳೆಯನ್ನು ಕುರಿತು ಎರಡು ಮಾತು ಹೇಳಲು ಅಪ್ಪಣೆ ಕೊಡಿರಿ. ಬೇಸಿಗೆಯಲ್ಲಿ ನೀರು ಒಂದು ಬದಿಗೆ ಸರಿದು ವಿಶಾಲವಾದ ಮರಳು ಬಿಚ್ಚಿಕೊಳ್ಳುತ್ತಿತ್ತು. ನಮ್ಮ ತಾಯಿ ಮತ್ತು ಅಕ್ಕ ಬೆಳಗು ಹರಿಯುವ ಮೊದಲೇ ಕೊಡ ಹೊತ್ತು ಹೋಗಿ, ಮರಳಿನಲ್ಲಿ ಮೊಣಕೈಯಷ್ಟು ಆಳ ವರತಿ ತೋಡುವರು. ಮೊದಲು ಬಂದ ಕದಡಿದ ನೀರನ್ನು ಬೊಗಸೆಯಿಂದ ಹೊರಗೆ ಚೆಲ್ಲಿ ಸ್ವಲ್ಪ ಹೊತ್ತು ಕಾಯ್ದರೆ, ಕೆಳಗಿನಿಂದ ತಿಳಿಯಾದ ನೀರು ಜಿನುಗಿ ತುಂಬುವದು. ಚಟಿಗೆಯಿಂದ ಎತ್ತಿ, ಬಟ್ಟೆಯಲ್ಲಿ ಸೋಸಿ, ಕೊಡಕ್ಕೆ ಹಾಕಿ ತರುವರು. ಆ ನೀರಿನ ರುಚಿ ಇಂದಿನ ಯಾವ ಬಾಟಲಿಯಲ್ಲಿಯೂ ನನಗೆ ಸಿಕ್ಕಿಲ್ಲ. ಮುದುಕನ ಮಾತು ಎಂದು ನೀವು ನಗಬಹುದು. ಆದರೆ ಅದು ಬರಿಯ ಮಮತೆಯ ಮಾತಲ್ಲ. ಮರಳು ನೀರನ್ನು ಸೋಸುತ್ತದೆ. ಮರಳಿನ ಕಣಗಳಿಗೆ ಅಂಟಿಕೊಂಡ ಸೂಕ್ಷ್ಮಜೀವಿಗಳು ಹೊಲಸನ್ನು ತಿಂದು ತೀರಿಸುತ್ತವೆ. ದೊಡ್ಡ ದೊಡ್ಡ ನಗರಗಳ ಜಲಶುದ್ಧಿ ಕೇಂದ್ರಗಳಲ್ಲಿ ಇಂದಿಗೂ ಮರಳಿನ ಹಾಸಿಗೆಯೇ ಸೋಸುವ ಕೆಲಸ ಮಾಡುತ್ತದೆ. ನಮ್ಮ ತಾಯಿಗೆ ಆ ಶಾಸ್ತ್ರ ತಿಳಿದಿರಲಿಲ್ಲ. ಅದರ ಫಲ ತಿಳಿದಿತ್ತು.

ಕೆಲವು ವರುಷಗಳ ಹಿಂದೆ ಬೇಸಿಗೆಯಲ್ಲಿ ಊರಿಗೆ ಹೋಗಿದ್ದೆ. ಸ್ನಾನಕ್ಕೆಂದು ಹೆಗಲ ಮೇಲೆ ಪಂಚೆ ಹಾಕಿಕೊಂಡು ಹೊರಟವನನ್ನು ನನ್ನ ಅಕ್ಕ ಬಾಗಿಲಲ್ಲಿ ತಡೆದಳು. ಅವಳಿಗೆ ಆಗ ಎಂಬತ್ತರ ಮೇಲೆ ವಯಸ್ಸು. "ತಮ್ಮಾ, ಹೊಳಿಗೆ ಹೋಗಿ ಕೈ ಮುಗದು ಬಾ. ಆದರ ಬಾಯಾಗ ನೀರ ಹಾಕ್ಕೋಬ್ಯಾಡ" ಎಂದಳು. ಹೋಗಿ ನೋಡಿದೆ. ಮರಳು ಬಹುಮಟ್ಟಿಗೆ ಲಾರಿ ಹತ್ತಿ ಹೋಗಿತ್ತು. ಉಳಿದ ಗುಂಡಿಗಳಲ್ಲಿ ಹಸಿರು ಬಣ್ಣದ ನೀರು ನಿಂತಿತ್ತು. ದಂಡೆಯ ಮೇಲೆ ಕುಳಿತಿದ್ದ ದನಗಾಹಿ ಹುಡುಗನನ್ನು ಮಾತನಾಡಿಸಿದಾಗ, ಎಮ್ಮೆಗೂ ಬೋರಿನ ನೀರನ್ನೇ ಕುಡಿಸುತ್ತೇವೆ ಎಂದ. ಮನೆಗೆ ತಿರುಗಿ ಬಂದಾಗ ಅಕ್ಕ ಇನ್ನೊಂದು ಮಾತು ಕೇಳಿದಳು: "ಮ್ಯಾಲಿನಿಂದ ಬರ್ತದಂತ ಹೊಲಸು. ನೀವು ಪುಣೆದಾಗ ಹೊಳಿಗೆ ಏನ ಬಿಡ್ತೀರಿ?"

ಮೂವತ್ತೈದು ವರುಷ ಪಾಠ ಹೇಳಿದ ನನಗೆ ಆ ಪ್ರಶ್ನೆಗೆ ಉತ್ತರ ಬರಲಿಲ್ಲ. ಈ ಭಾಷಣ ನಾನು ಅಕ್ಕನಿಗೆ ಕೊಡಬೇಕಾಗಿದ್ದ ಉತ್ತರ.

ಮೊದಲು ನದಿ ಹೇಗೆ ಕೆಡುತ್ತದೆ ಎಂಬುದನ್ನು ನೋಡೋಣ. ನೀರಿಗೂ ಉಸಿರುಂಟು. ಒಂದು ಲೀಟರು ಸ್ವಚ್ಛ ನೀರಿನಲ್ಲಿ ನಮ್ಮ ಹವೆಯಲ್ಲಿ ಸುಮಾರು ಎಂಟು ಮಿಲಿಗ್ರಾಮಿನಷ್ಟು ಪ್ರಾಣವಾಯು ಕರಗಿರುತ್ತದೆ. ಮೀನು ಬದುಕುವದು ಅದರ ಮೇಲೆ. ನದಿಗೆ ಹೊಲಸು ಬಿದ್ದಾಗ, ಅದನ್ನು ಕೊಳೆಸಿ ತಿನ್ನುವ ಸೂಕ್ಷ್ಮಜೀವಿಗಳು ಇದೇ ಪ್ರಾಣವಾಯುವನ್ನು ಉಪಯೋಗಿಸುತ್ತವೆ. ಹೊಲಸು ಎಷ್ಟು ಪ್ರಾಣವಾಯುವನ್ನು ಬೇಡುತ್ತದೆಯೆಂಬುದನ್ನು ಅಳೆಯುವ ಮಾನಕ್ಕೆ ಬಿ.ಓ.ಡಿ. ಎಂದು ಹೆಸರು. ಅದನ್ನು ನೀರಿನ ಹಸಿವು ಎಂದು ನಾನು ಹುಡುಗರಿಗೆ ಹೇಳುತ್ತಿದ್ದೆ. ಜನ ಸ್ನಾನ ಮಾಡುವ ನದಿಯಲ್ಲಿ ಈ ಹಸಿವು ಲೀಟರಿಗೆ ಮೂರು ಮಿಲಿಗ್ರಾಮು ಮೀರಬಾರದು, ಪ್ರಾಣವಾಯು ಐದಕ್ಕಿಂತ ಕಡಿಮೆಯಾಗಬಾರದು ಎಂದು ನಮ್ಮ ದೇಶದ ನಿಯಮವಿದೆ. ಊರಿನ ಗಟಾರದ ನೀರಿನಲ್ಲಿಯಾದರೋ ಈ ಹಸಿವು ಇನ್ನೂರು-ಮುನ್ನೂರರ ಮನೆಯಲ್ಲಿರುತ್ತದೆ. ಲೆಕ್ಕ ಹಾಕಿರಿ: ಒಂದು ಲೀಟರು ಗಟಾರದ ನೀರಿನ ಹಸಿವು ತೀರಿಸಲು ಮೂವತ್ತು ಲೀಟರು ಶುದ್ಧ ನೀರು ತನ್ನ ಪ್ರಾಣವಾಯುವನ್ನೆಲ್ಲ ಕೊಟ್ಟುಬಿಡಬೇಕು.

ನದಿ ಹರಿಯುತ್ತಿದ್ದರೆ ಗಾಳಿಯೊಡನೆ ಕಲೆತು, ಕಲ್ಲಿಗೆ ಬಡಿದು ಮತ್ತೆ ಉಸಿರು ತುಂಬಿಕೊಳ್ಳುತ್ತದೆ. "ಹರಿಯುವ ನೀರಿಗೆ ಮೈಲಿಗೆಯಿಲ್ಲ" ಎಂದು ಹಿರಿಯರು ಹೇಳಿದ್ದು ಇದಕ್ಕೇ. ಆದರೆ ಹರಿಯುವ ನೀರು ಎಲ್ಲಿದೆ? ಮುಠೆಯ ಮೇಲೆ ಖಡಕವಾಸಲಾ, ಅದರ ಮೇಲುಗಡೆ ಪಾನಶೇತ, ವರಸಗಾವ, ಟೇಮಘರ ಅಣೆಕಟ್ಟುಗಳಿವೆ. ಮಳೆಗಾಲ ಮುಗಿದ ಮೇಲೆ ಆ ನೀರು ನಗರದ ನಳಕ್ಕೂ ಹೊಲದ ಕಾಲುವೆಗೂ ಹೋಗುತ್ತದೆ. ನದಿಯ ಪಾತ್ರಕ್ಕೆ ಉಳಿಯುವದು ಬಹಳ ಸ್ವಲ್ಪ. ಆಮೇಲೆ ಆ ಪಾತ್ರದಲ್ಲಿ ಹರಿಯುವದು ಬಹುತೇಕ ನಾವು ಬಳಸಿ ಬಿಟ್ಟ ನೀರೇ. ನದಿಯಲ್ಲಿ ಗಟಾರ ಕೂಡಿದೆ ಎನ್ನುವದಕ್ಕಿಂತ ಗಟಾರವೇ ನದಿಯ ಹೆಸರು ಹೊತ್ತಿದೆ ಎನ್ನುವದು ಸತ್ಯಕ್ಕೆ ಹತ್ತಿರವಾದ ಮಾತು.

ಖಡಕವಾಸಲೆಯ ಮಾತು ಬಂದಿತು; ಅಲ್ಲಿ ಒಬ್ಬ ಕನ್ನಡಿಗರ ಹೆಸರನ್ನು ನೆನೆಯದೆ ಮುಂದೆ ಹೋಗಲಾರೆ. ಮೋಕ್ಷಗುಂಡಂ ವಿಶ್ವೇಶ್ವರಯ್ಯನವರು ಓದಿದ ಎಂಜಿನಿಯರಿಂಗ್ ಕಾಲೇಜು ಇದೇ ಪುಣೆಯಲ್ಲಿ, ಸಂಗಮದ ಹತ್ತಿರ, ನದಿಯ ದಂಡೆಯ ಮೇಲೆಯೇ ಇದೆ. 1903ರಲ್ಲಿ ಅವರು ತಾವು ಕಂಡುಹಿಡಿದ ಸ್ವಯಂಚಾಲಿತ ಬಾಗಿಲುಗಳನ್ನು ಮೊದಲು ಅಳವಡಿಸಿದ್ದು ಖಡಕವಾಸಲೆಯಲ್ಲಿ. ನೀರು ಏರಿದಾಗ ತಾವಾಗಿ ತೆರೆದು, ಇಳಿದಾಗ ತಾವಾಗಿ ಮುಚ್ಚುವ ಬಾಗಿಲುಗಳವು. ಕೆರೆಗೆ ನೀರು ಬರುವ ದಾರಿಯನ್ನು ಅಷ್ಟು ನಿಷ್ಠೆಯಿಂದ ಚಿಂತಿಸಿದ ನಾಡಿನವರು ನಾವು, ನೀರು ಮನೆಯಿಂದ ಹೊರಗೆ ಹೋಗುವ ದಾರಿಯನ್ನು ಚಿಂತಿಸದೆ ಉಳಿದೆವು.

ಆ ಲೆಕ್ಕವನ್ನೂ ನೋಡೋಣ. ನಗರದಲ್ಲಿ ಒಬ್ಬ ಮನುಷ್ಯನಿಗೆ ದಿನಕ್ಕೆ 135 ಲೀಟರು ನೀರು ಕೊಡಬೇಕೆಂಬುದು ಎಂಜಿನಿಯರರ ಮಾನ. ಅದರಲ್ಲಿ ನೂರಕ್ಕೆ ಎಂಬತ್ತು ಪಾಲು ಹೊಲಸಾಗಿ ತಿರುಗಿ ಬರುತ್ತದೆ. ಐದು ಜನರ ಒಂದು ಮನೆ ದಿನಕ್ಕೆ 540 ಲೀಟರು ಕೊಳಚೆಯನ್ನು ಹೊರಗೆ ಕಳಿಸುತ್ತದೆ. ತಾಮ್ರದ ಕೊಡದಲ್ಲಿ ತುಂಬಿದರೆ ಮೂವತ್ತು-ನಲವತ್ತು ಕೊಡ. ಇದು ಶಿಸ್ತಿನಿಂದ ಬದುಕುವ ಮನೆಯ ಲೆಕ್ಕ. ಕೇಂದ್ರ ಮಾಲಿನ್ಯ ನಿಯಂತ್ರಣ ಮಂಡಳಿಯ 2021ರ ವರದಿಯಂತೆ ದೇಶದ ಪಟ್ಟಣಗಳೆಲ್ಲ ಸೇರಿ ದಿನಕ್ಕೆ 72,368 ದಶಲಕ್ಷ ಲೀಟರು ಕೊಳಚೆ ನೀರನ್ನು ಹುಟ್ಟಿಸುತ್ತಿದ್ದವು. ನಿಜವಾಗಿ ಶುದ್ಧಿಯಾಗುತ್ತಿದ್ದುದು 20,236 ದಶಲಕ್ಷ ಲೀಟರು. ಅಂದರೆ ನೂರರಲ್ಲಿ ಇಪ್ಪತ್ತೆಂಟು. ಉಳಿದ ಎಪ್ಪತ್ತೆರಡು ಪಾಲು ನದಿಗೆ, ಕೆರೆಗೆ, ನೆಲಕ್ಕೆ. ಅದೇ ಮಂಡಳಿ 2018ರಲ್ಲಿ ದೇಶದ ನದಿಗಳಲ್ಲಿ 351 ಕೆಟ್ಟ ಭಾಗಗಳನ್ನು ಗುರುತಿಸಿತು. ಎಲ್ಲಕ್ಕಿಂತ ಹೆಚ್ಚು, ಅಂದರೆ 53, ಈ ಮಹಾರಾಷ್ಟ್ರದಲ್ಲಿ. ಮುಳಾ-ಮುಠಾ ಅದರಲ್ಲಿದ್ದವು, ಭೀಮೆಯೂ ಇದ್ದಳು. ಕರ್ನಾಟಕದ 17 ಭಾಗಗಳ ಪಟ್ಟಿಯಲ್ಲಿ ಕೂಡ ಅವಳ ಹೆಸರು ಬಂದಿತು. ಎರಡು ರಾಜ್ಯದ ಪಟ್ಟಿಗಳಲ್ಲಿ ಒಂದೇ ತಾಯಿಯ ಹೆಸರು!

ಈ ಹೊಲಸು ಕೆಳಗೆ ಹೋಗಿ ಏನು ಮಾಡುತ್ತದೆ? ಮಲಮೂತ್ರದಲ್ಲಿಯೂ ಬಟ್ಟೆ ತೊಳೆಯುವ ಪುಡಿಯಲ್ಲಿಯೂ ಸಾರಜನಕ, ರಂಜಕಗಳಿರುತ್ತವೆ. ಹೊಲಕ್ಕೆ ಅವು ಗೊಬ್ಬರ. ನಿಂತ ನೀರಿಗೆ ವಿಪತ್ತು. ಇಲ್ಲಿಯವರು ಜಲಪರ್ಣಿ ಎನ್ನುವ, ದಕ್ಷಿಣ ಅಮೆರಿಕೆಯಿಂದ ಬಂದ, ನೀಲಿ ಹೂವಿನ ಕಳೆ ನಮ್ಮ ನದಿಯನ್ನು ಹಸಿರು ಜಮಖಾನೆಯಂತೆ ಮುಚ್ಚುವದನ್ನು ನೀವು ಪ್ರತಿ ಬೇಸಿಗೆಯಲ್ಲಿ ನೋಡುತ್ತೀರಿ. ಅದು ಬೆಳೆಯುವದು ನಾವು ಕಳಿಸಿದ ಗೊಬ್ಬರದ ಮೇಲೆ. ಅದರ ಕೆಳಗೆ ಬೆಳಕಿಲ್ಲ, ಗಾಳಿಯಿಲ್ಲ. ಸೊಳ್ಳೆಗಳಿಗೆ ಮಾತ್ರ ಸುಗ್ಗಿ. ಮುಂದೆ 1980ರಲ್ಲಿ ಪೂರ್ಣವಾದ ಉಜನಿಯ ವಿಶಾಲವಾದ ಜಲಾಶಯದಲ್ಲಿ ಈ ನೀರು ನಿಂತು ಪಾಚಿಗಟ್ಟಿ ಹಸಿರಾಗುತ್ತದೆ. ಸೊಲ್ಲಾಪುರದ ಜನ ಕುಡಿಯುವದು ಅದೇ ನೀರು. ಅದರ ಕೆಳಗೆ ಪಂಢರಪುರ. ಆಷಾಢ ಏಕಾದಶಿಗೆ ಲಕ್ಷಾಂತರ ವಾರಕರಿಗಳು ಮಿಂದು ಬಾಯಿಗೆ ತೀರ್ಥ ಹಾಕಿಕೊಳ್ಳುವ ಚಂದ್ರಭಾಗೆ. ಜ್ಞಾನದೇವರು ಯಾವ ವಿಠ್ಠಲನನ್ನು ಕನ್ನಡದವನೆಂದು ಕರೆದರೋ, ನಮ್ಮ ದಾಸರು ಯಾವ ವಿಠ್ಠಲನ ಹೆಸರನ್ನು ತಮ್ಮ ಅಂಕಿತ ಮಾಡಿಕೊಂಡರೋ, ಆ ದೇವರ ಪಾದಕ್ಕೆ ನಾವು ಪುಣೆಯಿಂದ ಕಳಿಸುವ ಅಭಿಷೇಕ ಇದು!

ಇಲ್ಲಿ ನ್ಯಾಯಕ್ಕಾಗಿ ಒಂದು ಮಾತು ಸೇರಿಸಬೇಕು. ನಮ್ಮೂರಿಗೆ ಮುಟ್ಟುವ ಹೊಲಸೆಲ್ಲ ಪುಣೆಯದೇ ಎಂದು ನಾನು ಹೇಳುವದಿಲ್ಲ. ಉಜನಿಯಲ್ಲಿ ಬಹಳಷ್ಟು ತಳಕ್ಕಿಳಿಯುತ್ತದೆ. ಆಮೇಲೆ ಸೊಲ್ಲಾಪುರ ಸೀಮೆಯದು ಬಂದು ಕೂಡುತ್ತದೆ. ಕಬ್ಬಿನ ಹೊಲದ ರಾಸಾಯನಿಕ ಗೊಬ್ಬರ ಕೂಡುತ್ತದೆ. ಕರ್ನಾಟಕದ ದಂಡೆಯ ಊರುಗಳೂ ತಮ್ಮ ತಮ್ಮ ಗಟಾರವನ್ನು ಅದೇ ಹೊಳೆಗೆ ತಿರುಗಿಸಿವೆ. ಮೇಲಿನವನು ಕೆಳಗಿನವನಿಗೆ ಕೊಡುತ್ತಾನೆ, ಕೆಳಗಿನವನು ಇನ್ನೂ ಕೆಳಗಿನವನಿಗೆ. ಪ್ರತಿಯೊಬ್ಬನೂ ತಾನು ಕೊಟ್ಟದ್ದನ್ನು ಮರೆಯುತ್ತಾನೆ, ತನಗೆ ಬಂದದ್ದನ್ನು ಮಾತ್ರ ಎಣಿಸುತ್ತಾನೆ.

ನಮ್ಮ ನಾಡಿನ ರಾಜಧಾನಿಯ ಕಥೆ ಇದಕ್ಕಿಂತ ಮೇಲೇನೂ ಅಲ್ಲ. ಬೆಂಗಳೂರಿನ ಬಸವನಗುಡಿಯ ಬಳಿ ಹುಟ್ಟುವ ವೃಷಭಾವತಿ, ನಗರದ ಕೊಳಚೆಯನ್ನು ಹೊತ್ತು ಅರ್ಕಾವತಿಯ ಮೂಲಕ ಕಾವೇರಿಗೆ ಹೋಗುತ್ತದೆ. ಪೂರ್ವದ ಬೆಳ್ಳಂದೂರು ಕೆರೆಯ ಮೇಲೆ ಹಿಮದಂತೆ ನೊರೆ ಎದ್ದು ರಸ್ತೆಗೆ ಹಾರಿದ್ದನ್ನು ಜಗತ್ತೆಲ್ಲ ಚಿತ್ರದಲ್ಲಿ ನೋಡಿತು. 2015ರಲ್ಲಿ, 2017ರಲ್ಲಿ, ಮತ್ತೆ 2018ರ ಜನವರಿಯಲ್ಲಿ ಆ ಕೆರೆಗೆ ಬೆಂಕಿ ಹತ್ತಿತು. ಕೊನೆಯ ಸಲ ಅದನ್ನು ಆರಿಸಲು ಸೈನಿಕರು ಬರಬೇಕಾಯಿತು. ಬೆಂಕಿ ಆರಿಸಬೇಕಾದ ನೀರಿಗೇ ಬೆಂಕಿ ಹತ್ತಿದರೆ ಇನ್ನು ಆರಿಸುವದು ಯಾತರಿಂದ? ಆ ಕೆರೆಯ ನೀರು ವರ್ತೂರನ್ನು ದಾಟಿ ದಕ್ಷಿಣ ಪಿನಾಕಿನಿಯಾಗಿ ತಮಿಳುನಾಡಿಗೆ ಹೋಗುತ್ತದೆ. ಅಲ್ಲಿ ಮೇಲಿನವರು ನಾವು, ಕೆಳಗಿನವರು ಅವರು. ಆದ್ದರಿಂದ ಈ ವಿಷಯದಲ್ಲಿ ಕನ್ನಡಿಗ, ಮರಾಠಿಗ, ತಮಿಳ ಎಂಬ ವಾದಕ್ಕೆ ಎಡೆಯಿಲ್ಲ. ನಮ್ಮ ಬೆನ್ನು ನಮಗೆ ಕಾಣದು, ಅಷ್ಟೇ.

ಕೆಳಗಿನವರು ಮಾತ್ರ ಅನುಭವಿಸುತ್ತಾರೆ, ನಾವು ಮೇಲಿನವರು ಸುರಕ್ಷಿತ ಎಂಬ ಭ್ರಮೆಯೂ ಬೇಡ. 2025ರ ಜನವರಿಯಲ್ಲಿ ನಮ್ಮ ಸಿಂಹಗಡ ರಸ್ತೆಯ ಕಡೆಗೆ, ಖಡಕವಾಸಲೆಯ ಆಸುಪಾಸಿನ ವಸತಿಗಳಲ್ಲಿ, ಗಿಯನ್-ಬಾರೆ ಎಂಬ ಅಪರೂಪದ ನರರೋಗ ಒಮ್ಮೆಲೆ ತಲೆದೋರಿತು. ಸುಮಾರು ಎರಡು ನೂರು ಜನ ಆಸ್ಪತ್ರೆ ಸೇರಿದರು, ಕೈಕಾಲು ಸ್ವಾಧೀನ ತಪ್ಪಿ ಕೃತ್ರಿಮ ಉಸಿರಾಟದ ಯಂತ್ರದ ಮೇಲೆ ಕೆಲವರಿದ್ದರು, ಕೆಲವರು ತೀರಿಕೊಂಡರು. ರೋಗಿಗಳ ಪರೀಕ್ಷೆಯಲ್ಲಿ ಕ್ಯಾಂಪಿಲೊಬ್ಯಾಕ್ಟರ್ ಎಂಬ ಜಂತು ಕಂಡುಬಂದಿತು. ಅನುಮಾನವೆಲ್ಲ ಕುಡಿಯುವ ನೀರಿನ ಮೇಲೆ ಹೋಯಿತು. ಆ ದಿನಗಳಲ್ಲಿ ನಮ್ಮ ಮನೆಗಳಲ್ಲಿ ಹಂಡೆಗಟ್ಟಲೆ ನೀರು ಕುದಿಸಿದ್ದು ನಿಮಗೆಲ್ಲ ನೆನಪಿರಬೇಕು. ಹೊಲಸಿಗೆ ಮೇಲು-ಕೆಳಗು ತಿಳಿಯುವದಿಲ್ಲ.

ಇಷ್ಟು ಹೇಳಿ ನಿಲ್ಲಿಸಿದರೆ ಹಬ್ಬದ ದಿನ ಅಳಲು ಬಂದವನೆಂದು ನೀವು ನನ್ನನ್ನು ತಿಳಿಯುವಿರಿ. ಕೆಟ್ಟ ನದಿ ಸುಧಾರಿಸುವದೆ? ಸುಧಾರಿಸುತ್ತದೆ. ಲಂಡನ್ ಪಟ್ಟಣದ ಥೇಮ್ಸ್ ನದಿ 1858ರ ಬೇಸಿಗೆಯಲ್ಲಿ ಎಷ್ಟು ನಾರಿತೆಂದರೆ, ದಂಡೆಯ ಮೇಲಿನ ಪಾರ್ಲಿಮೆಂಟಿನಲ್ಲಿ ಸದಸ್ಯರು ಕುಳಿತುಕೊಳ್ಳುವದು ಕಷ್ಟವಾಯಿತು. ತಮ್ಮ ಮೂಗಿಗೆ ಬಂದಾಗ ಕಾಯಿದೆ ಬೇಗನೆ ಪಾಸಾಯಿತು! ಬ್ಯಾಝಲ್ಜೆಟ್ ಎಂಬ ಎಂಜಿನಿಯರು ನೆಲದಡಿಯಲ್ಲಿ ದೊಡ್ಡ ಗಟಾರಗಳನ್ನು ಕಟ್ಟಿದರು. ಆದರೆ ಅದು ಹೊಲಸನ್ನು ಕೆಳಗೆ ಸಾಗಿಸಿತು, ತೀರಿಸಲಿಲ್ಲ. 1957ರಲ್ಲಿ ಆ ನದಿ ಸತ್ತಿತೆಂದು ಪ್ರಾಣಿಶಾಸ್ತ್ರಜ್ಞರು ಸಾರಿದರು. ಅನಂತರ ಶುದ್ಧೀಕರಣ ಕೇಂದ್ರಗಳನ್ನು ಬಲಪಡಿಸಿದ ಮೇಲೆ 1974ರಲ್ಲಿ ಅಲ್ಲಿ ಮತ್ತೆ ಸಾಲ್ಮನ್ ಮೀನು ಸಿಕ್ಕಿತು. ದೂರದ ಮಾತೇಕೆ, ನಮ್ಮ ಪಂಜಾಬದಲ್ಲಿ ಗುರುನಾನಕರ ನೆನಪಿನ ಕಾಳಿ ಬೇಯಿಂ ಎಂಬ 160 ಕಿಲೋಮೀಟರಿನ ಹೊಳೆ ಗಟಾರವಾಗಿ ಹೋಗಿತ್ತು. 2000ದಲ್ಲಿ ಸಂತ ಬಲಬೀರಸಿಂಗ ಸೀಚೆವಾಲರು ತಾವೇ ನೀರಿಗಿಳಿದು ಕಳೆ ಕೀಳತೊಡಗಿದರು, ಹಳ್ಳಿಯ ಜನ ಅವರ ಹಿಂದೆ ಬಂದರು, ಹೊಳೆ ಹರಿಯಿತು. ಅವರ ಕೈಯಲ್ಲಿ ಮೊದಲಿಗೆ ಇದ್ದದ್ದು ಸಲಿಕೆ, ಬುಟ್ಟಿ ಮತ್ತು ಜನರ ವಿಶ್ವಾಸ.

ಕೊಳಚೆಯನ್ನು ಶುದ್ಧ ಮಾಡುವ ವಿದ್ಯೆಯೂ ಹೊಸದಲ್ಲ. ಹೊಲಸು ತಿನ್ನುವ ಸೂಕ್ಷ್ಮಜೀವಿಗಳನ್ನೇ ತೊಟ್ಟಿಯಲ್ಲಿ ಸಾಕಿ, ಅವುಗಳಿಗೆ ಗಾಳಿ ಊದಿ, ನದಿಯಲ್ಲಿ ದಿನಗಟ್ಟಲೆ ನಡೆಯುವ ಕೆಲಸವನ್ನು ಕೆಲವು ತಾಸುಗಳಲ್ಲಿ ಮಾಡಿಸುವದು. ಆಮೇಲೆ ಅವುಗಳನ್ನು ತಳಕ್ಕಿಳಿಸಿ ತಿಳಿನೀರನ್ನು ಬಿಡುವದು – ಇದೇ ಆ ಪದ್ಧತಿಯ ತಿರುಳು. ಇದನ್ನು 1914ರಲ್ಲಿ ಮ್ಯಾಂಚೆಸ್ಟರದಲ್ಲಿ ಸಿದ್ಧಪಡಿಸಿದರು. ಅದಕ್ಕೆ ಪ್ರೇರಣೆ ಕೊಟ್ಟ ಗಿಲ್ಬರ್ಟ್ ಫೌಲರ್ ಎಂಬ ವಿಜ್ಞಾನಿ 1916ರಲ್ಲಿ ಬೆಂಗಳೂರಿನ ಭಾರತೀಯ ವಿಜ್ಞಾನ ಮಂದಿರಕ್ಕೆ ಪ್ರಾಧ್ಯಾಪಕರಾಗಿ ಬಂದರು. ಅಂದರೆ ಈ ವಿದ್ಯೆ ನಮ್ಮ ಮನೆಯ ಬಾಗಿಲಿಗೆ ಬಂದು ನೂರು ವರುಷಗಳ ಮೇಲಾಯಿತು! ಕಾಯಿದೆಗೂ ಕೊರತೆಯಿಲ್ಲ. ಜಲಮಾಲಿನ್ಯ ತಡೆಯ ಕಾಯಿದೆ 1974ರಲ್ಲಿ ಬಂದಿತು. ಗಂಗೆಯ ಯೋಜನೆ 1986ರಲ್ಲಿ. ಉಳಿದ ನದಿಗಳ ರಾಷ್ಟ್ರೀಯ ಯೋಜನೆ 1995ರಲ್ಲಿ. ಚಂದ್ರಭಾಗೆಗಾಗಿ ಮಹಾರಾಷ್ಟ್ರ ಸರಕಾರದ ಯೋಜನೆ 2016ರಲ್ಲಿ. ಅದೇ 2016ರಲ್ಲಿ ನಮ್ಮ ಮುಳಾ-ಮುಠೆಗಾಗಿ ಜಪಾನದ ಸಾಲದ ನೆರವಿನಿಂದ 990 ಕೋಟಿ ರೂಪಾಯಿಯ ಯೋಜನೆ ಮಂಜೂರಾಯಿತು: ಹನ್ನೊಂದು ಶುದ್ಧೀಕರಣ ಕೇಂದ್ರ, ದಿನಕ್ಕೆ 396 ದಶಲಕ್ಷ ಲೀಟರು. 2022ರ ಜನವರಿಗೆ ಮುಗಿಯಬೇಕಾಗಿದ್ದ ಆ ಕೆಲಸ ಗಡುವನ್ನು ದಾಟಿ ಹೋಯಿತು. ಅದೇ ವರುಷದ ಮಾರ್ಚ್ ತಿಂಗಳಲ್ಲಿ 44 ಕಿಲೋಮೀಟರು ನದೀದಂಡೆಯನ್ನು ಚೆಂದಗೊಳಿಸುವ ಕೆಲಸಕ್ಕೂ ಅಡಿಗಲ್ಲು ಬಿದ್ದಿತು. ದಂಡೆ ಸುಂದರವಾಗಲಿ, ಬೇಡವೆನ್ನುವವರಾರು? ಆದರೆ ಹೊಟ್ಟೆನೋವಿನವನಿಗೆ ಹೊಸ ರುಮಾಲು ಸುತ್ತಿದರೆ ನೋವು ಹೋಗುವದಿಲ್ಲ.

ಕರ್ನಾಟಕದಲ್ಲಿ 2018ರಿಂದ ಒಂದು ಹೊಸ ಪ್ರಯೋಗ ನಡೆದಿದೆ. ಬೆಂಗಳೂರಿನ ಕೋರಮಂಗಲ-ಚಲ್ಲಘಟ್ಟ ಕಣಿವೆಯ ಕೊಳಚೆಯನ್ನು ಶುದ್ಧ ಮಾಡಿ, ಬರಗಾಲದ ಕೋಲಾರ ಸೀಮೆಯ 126 ಕೆರೆಗಳಿಗೆ ಏರಿಸುವ ಯೋಜನೆ ಅದು. ಒಣಗಿದ ಕೆರೆಗಳಲ್ಲಿ ನೀರು ಕಂಡು, ಸುತ್ತಲಿನ ಬಾವಿಗಳಿಗೆ ಜೀವ ಬಂದು ರೈತರು ಸಂತೋಷಪಟ್ಟರು. ಆದರೆ ಪ್ರಾರಂಭದಲ್ಲಿಯೇ ಕೆರೆಯಲ್ಲಿ ನೊರೆ ಕಂಡು ಪ್ರಕರಣ ನ್ಯಾಯಾಲಯಕ್ಕೆ ಹೋಯಿತು. ಇನ್ನೂ ಒಂದು ಹಂತ ಹೆಚ್ಚು ಶುದ್ಧ ಮಾಡಬೇಕೆಂದು ತಿಳಿದವರು ಕೇಳುತ್ತ ಬಂದಿದ್ದಾರೆ. ಅವರ ಬೇಡಿಕೆ ನ್ಯಾಯವಾದುದು. ಬಳಸಿದ ನೀರನ್ನು ಕೊಡುವದು ತಪ್ಪಲ್ಲ. ನಮ್ಮ ಮಕ್ಕಳಿಗೆ ಕೊಡುವಂತೆ ತೊಳೆದು ಕೊಡಬೇಕು.

ಹಾಗಾದರೆ ನಾವು, ಈ ಸಭೆಯಲ್ಲಿ ಕುಳಿತವರು, ಏನು ಮಾಡಬೇಕು? ಅನ್ಯರಿಗೆ ಹೇಳುವ ಮೊದಲು ನನ್ನ ತಪ್ಪನ್ನು ಒಪ್ಪಿಕೊಳ್ಳುತ್ತೇನೆ. ಈ ಊರಿಗೆ ಬಂದ ಹೊಸದರಲ್ಲಿ, ಮತ್ತು ಬಂದು ಬಹಳ ದಿನಗಳವರೆಗೆ, ವಾರಕ್ಕೊಮ್ಮೆ ದೇವರ ಮನೆಯ ನಿರ್ಮಾಲ್ಯವನ್ನು ಚೀಲದಲ್ಲಿ ಕಟ್ಟಿ ಸೇತುವೆಯ ಮೇಲಿಂದ ಎಸೆಯುತ್ತಿದ್ದೆ. ಎಸೆದು ಕೈ ಮುಗಿಯುತ್ತಿದ್ದೆ. ಹೂವು ಎರಡು ದಿನಗಳಲ್ಲಿ ಕೊಳೆತಿರಬಹುದು. ಆ ಪ್ಲಾಸ್ಟಿಕ್ ಚೀಲಗಳು ಇನ್ನೂ ಎಲ್ಲೋ ಭೀಮೆಯ ಕೆಸರಿನಲ್ಲಿರಬೇಕು. ರಸಾಯನಶಾಸ್ತ್ರ ಕಲಿಸುವವನಿಗೆ ಇದು ತಿಳಿದಿರಲಿಲ್ಲವೆ? ತಿಳಿದಿತ್ತು. ಆದರೆ ಕೆಳಗೆ ಅಕ್ಕ ಇದ್ದಾಳೆಂಬುದು ನೆನಪಿರಲಿಲ್ಲ.

ಆದ್ದರಿಂದ ನಾಲ್ಕು ಸೂಚನೆಗಳನ್ನು ಸಂಘದ ಮುಂದಿಡುತ್ತೇನೆ. ಮೊದಲನೆಯದು, ನಿರ್ಮಾಲ್ಯ ನದಿಗೆ ಬೇಡ. ಘಾಟುಗಳಲ್ಲಿ ಅದಕ್ಕೆಂದೇ ಇಟ್ಟ ಕಲಶಗಳಿವೆ. ಮನೆಯ ಕುಂಡದಲ್ಲಿ ಗೊಬ್ಬರ ಮಾಡಿದರೆ ಇನ್ನೂ ಉತ್ತಮ. ಎರಡನೆಯದು, ಗಣೇಶ. ಮಣ್ಣಿನ ಗಣಪತಿಯನ್ನೇ ತರೋಣ, ಮನೆಯ ಬಕೆಟ್ಟಿನಲ್ಲಿ ಬೀಳ್ಕೊಡೋಣ. ಪ್ಲಾಸ್ಟರದ ಮೂರ್ತಿ ತಂದವರಿಗೆ ಇದೇ ಪುಣೆಯ ರಾಷ್ಟ್ರೀಯ ರಸಾಯನ ಪ್ರಯೋಗಶಾಲೆಯವರು ಒಂದು ಉಪಾಯ ಹುಡುಕಿಕೊಟ್ಟಿದ್ದಾರೆ. ಅಮೋನಿಯಂ ಬೈಕಾರ್ಬೊನೇಟ್ ಬೆರಸಿದ ನೀರಿನಲ್ಲಿ ಮುಳುಗಿಸಿಟ್ಟರೆ ಮೂರ್ತಿ ನಿಧಾನವಾಗಿ ಕರಗಿ, ತಳದಲ್ಲಿ ಸುಣ್ಣಕಲ್ಲಿನ ಪುಡಿಯೂ ಮೇಲೆ ಗಿಡಕ್ಕೆ ಹಾಕಬಹುದಾದ ಅಮೋನಿಯಂ ಸಲ್ಫೇಟದ ನೀರೂ ಉಳಿಯುತ್ತವೆ. ದೇವರು ಹೋಗುವಾಗ ತೋಟಕ್ಕೆ ಗೊಬ್ಬರ ಕೊಟ್ಟು ಹೋಗುತ್ತಾನೆ. ಇದಕ್ಕಿಂತ ಒಳ್ಳೆಯ ಪ್ರಸಾದ ಯಾವುದು?

ಮೂರನೆಯದು ಇವೆರಡಕ್ಕಿಂತ ದೊಡ್ಡದು. ನದಿಯನ್ನು ಹೆಚ್ಚಾಗಿ ಕೆಡಿಸುವದು ಹೂವೂ ಅಲ್ಲ, ಗಣಪತಿಯೂ ಅಲ್ಲ. ದಿನನಿತ್ಯದ ಬಚ್ಚಲು ಮತ್ತು ಸಂಡಾಸು. ನಮ್ಮಲ್ಲಿ ಬಹಳ ಜನ ದೊಡ್ಡ ದೊಡ್ಡ ಹೌಸಿಂಗ್ ಸೊಸಾಯಿಟಿಗಳಲ್ಲಿದ್ದೀರಿ. ಅನೇಕ ಕಡೆ ಕಟ್ಟಡದ ಕೆಳಗೆ ಶುದ್ಧೀಕರಣ ಯಂತ್ರವಿರುತ್ತದೆ. ಅದು ನಡೆಯುತ್ತದೆಯೆ, ವಿದ್ಯುತ್ತಿನ ಬಿಲ್ಲು ಉಳಿಸಲು ರಾತ್ರಿ ಬಂದಾಗುತ್ತದೆಯೆ ಎಂದು ಒಂದು ದಿನ ಕೆಳಗಿಳಿದು ನೋಡಿರಿ. ವಾರ್ಷಿಕ ಸಭೆಯಲ್ಲಿ ಕಾರು ನಿಲ್ಲಿಸುವ ಜಾಗಕ್ಕಾಗಿ ಎರಡು ತಾಸು ವಾದಿಸುವ ನಾವು ಈ ಪ್ರಶ್ನೆಯನ್ನು ಎರಡು ನಿಮಿಷ ಕೇಳಬಾರದೆ? ನದಿಯ ಮೂಲ, ಋಷಿಯ ಮೂಲ ಕೇಳಬಾರದೆಂಬ ಗಾದೆಯಿದೆ. ಗಟಾರದ ಮೂಲವನ್ನು ಮಾತ್ರ ಅವಶ್ಯವಾಗಿ ಕೇಳಬೇಕು. ಕೇಳುತ್ತ ಹೋದರೆ ಅದು ನಮ್ಮ ಮನೆಯ ಬಾಗಿಲಿಗೇ ಬಂದು ನಿಲ್ಲುತ್ತದೆ.

ನಾಲ್ಕನೆಯದು ನಮ್ಮ ಮಕ್ಕಳಿಗೆ ಸಂಬಂಧಪಟ್ಟದ್ದು. ಸಂಘದ ವತಿಯಿಂದ ವರುಷಕ್ಕೊಮ್ಮೆ ಮಕ್ಕಳ ಪ್ರವಾಸ ಹೊರಡುತ್ತದೆ. ಒಂದು ಸಲ ಖಡಕವಾಸಲೆಯಿಂದ ಸಂಗಮದವರೆಗೆ, ಸಂಗಮದಿಂದ ಭೀಮೆಯವರೆಗೆ ನದಿಯ ಬದಿಗೇ ಅವರನ್ನು ಕರೆದೊಯ್ಯೋಣ. ಎಲ್ಲಿಯವರೆಗೆ ನೀರು ತಿಳಿಯಾಗಿದೆ, ಎಲ್ಲಿಂದ ಕಪ್ಪಾಗುತ್ತದೆ ಎಂಬುದನ್ನು ಅವರ ಕಣ್ಣಿಗೆ ತೋರಿಸೋಣ. ಈ ಊರಿನಲ್ಲಿ ನದಿಗಾಗಿ ದುಡಿಯುವ ಮರಾಠಿ ಬಂಧುಗಳು ಅನೇಕರಿದ್ದಾರೆ. ರವಿವಾರ ರವಿವಾರ ದಂಡೆಯನ್ನು ಗುಡಿಸುತ್ತಾರೆ, ನಗರಪಾಲಿಕೆಗೆ ಅರ್ಜಿ ಬರೆಯುತ್ತಾರೆ, ನ್ಯಾಯಾಲಯದ ಮೆಟ್ಟಿಲು ಹತ್ತುತ್ತಾರೆ. ಅವರ ಜೊತೆ ನಮ್ಮ ಸಂಘದ ಹತ್ತು ಜನರಾದರೂ ಕೈಗೂಡಿಸಲಿ. ಅರ್ಜಿಯ ಕೆಳಗೆ ಕನ್ನಡ ಸಂಘದ ಹೆಸರು ಬಿದ್ದರೆ, "ನಿಮಗೇಕೆ ಇದರ ಚಿಂತೆ?" ಎಂದು ಯಾರಾದರೂ ಕೇಳಿಯಾರು. ಆಗ ಧೈರ್ಯವಾಗಿ ಹೇಳೋಣ: ಈ ನೀರನ್ನು ಕುಡಿಯುವದು ಇಲ್ಲಿ ನಾವು, ಅಲ್ಲಿ ನಮ್ಮವರು, ನಮಗಿಂತ ಹೆಚ್ಚಿನ ಹಕ್ಕು ಯಾರಿಗಿದೆ?

ಬಂಧುಗಳೆ, ಹೊರನಾಡಿನ ಕನ್ನಡಿಗರು ತವರಿಗೆ ಏನನ್ನು ಕಳಿಸಬೇಕು ಎಂಬ ಮಾತು ಪ್ರತಿವರುಷ ಈ ವೇದಿಕೆಯ ಮೇಲೆ ಬರುತ್ತದೆ. ಕೆಲವರು ಹಣ ಕಳಿಸುತ್ತಾರೆ, ಕೆಲವರು ಪುಸ್ತಕ ಕಳಿಸುತ್ತಾರೆ, ಕೆಲವರು ಊರ ಗುಡಿಗೆ ಗಂಟೆ ಮಾಡಿಸಿ ಕಳಿಸುತ್ತಾರೆ. ಇವೆಲ್ಲವೂ ಒಳ್ಳೆಯದೇ. ಆದರೆ ನಾವು ಕೇಳಲಿ ಬಿಡಲಿ, ದಿನಾಲು, ತಪ್ಪದೆ, ಅಂಚೆಯ ಖರ್ಚಿಲ್ಲದೆ ಇಲ್ಲಿಂದ ಅಲ್ಲಿಗೆ ಹೋಗುತ್ತಿರುವ ಕಾಣಿಕೆ ಒಂದಿದೆ. ಅದು ಈ ನೀರು. ಅದು ಹೇಗಿರಬೇಕೆಂಬುದು ನಮ್ಮ ಕೈಯಲ್ಲಿದೆ.

ನನ್ನ ಅಕ್ಕ ಈಗಿಲ್ಲ. ಅವಳ ಬೂದಿಯನ್ನು ನಾವು ಅದೇ ಹೊಳೆಗೆ ಬಿಟ್ಟೆವು. ಅವಳ ಇಚ್ಛೆ ಅದಾಗಿತ್ತು. ಬಾಯಿಗೆ ಹಾಕಬೇಡವೆಂದು ನನಗೆ ಹೇಳಿದ ನೀರಿಗೇ ಅವಳು ಕೊನೆಗೆ ತನ್ನನ್ನು ಒಪ್ಪಿಸಿಕೊಂಡಳು. ಹೊಳೆ ಕೆಟ್ಟರೂ ಅವಳ ಪಾಲಿಗೆ ಅದು ತಾಯಿಯೇ ಆಗಿತ್ತು. ಅವಳ ಮೊಮ್ಮಗಳು ಈಗ ಅಲ್ಲಿಯ ಶಾಲೆಯಲ್ಲಿ ಓದುತ್ತಿದ್ದಾಳೆ. ಅವಳು ಒಂದು ಬೇಸಿಗೆಯಲ್ಲಿ ಮರಳಿನಲ್ಲಿ ವರತಿ ತೋಡಿ, ಬೊಗಸೆಯಲ್ಲಿ ನೀರೆತ್ತಿ, ಭಯವಿಲ್ಲದೆ ಕುಡಿಯುವ ದಿನ ಬಂದರೆ ಅಂದು ನಮ್ಮ ನಾಡಹಬ್ಬ ನಿಜವಾಗಿ ನಡೆಯಿತೆಂದು ತಿಳಿಯುತ್ತೇನೆ. ಅದನ್ನು ನೋಡಲು ನಾನು ಇರಲಿಕ್ಕಿಲ್ಲ. ನಿಮ್ಮಲ್ಲಿ ಕೆಲವರಾದರೂ ಇರಲಿ ಎಂದು ಹಾರೈಸುತ್ತೇನೆ.